ನಾಯಿ, ಬೆಕ್ಕುಗಳಿಗೆ ಜೇನು, ಕಣಜ, ಚೇಳು ಕುಟುಕಿದಾಗ: ಮನೆಯಲ್ಲಿ ಮಾಡಬೇಕಾದದ್ದು, ಮಾಡಬಾರದ್ದು

ಮಾವು, ಹೊಂಗೆ ಹೂಬಿಡುವ ಕಾಲ ಬಂತೆಂದರೆ ಓದುಗರಿಂದ ಬರುವ ಪ್ರಶ್ನೆಗಳು ಹೆಚ್ಚುಕಡಿಮೆ ಒಂದೇ ಬಗೆಯವಾಗಿರುತ್ತವೆ. ನಾಯಿಯ ಮೂತಿ ಇದ್ದಕ್ಕಿದ್ದಂತೆ ಊದಿಕೊಂಡಿದೆ, ಏನು ಹಚ್ಚಬೇಕು? ಬೆಕ್ಕು ಕಣಜವನ್ನು ಹಿಡಿಯಲು ಹೋಗಿ ಕುಟುಕಿಸಿಕೊಂಡಿದೆ, ಸುಣ್ಣ ಬಳಿಯಬಹುದೇ? ಮನೆಯಲ್ಲಿರುವ ಅಲರ್ಜಿ ಮಾತ್ರೆಯನ್ನು ಅರ್ಧ ಮಾಡಿ ಕೊಡಬಹುದೇ? ಕೇಳುವವರ ಕಣ್ಣೆಲ್ಲ ಕುಟುಕಿದ ಜಾಗದ ಮೇಲಿರುತ್ತದೆ. ಆದರೆ ಪ್ರಾಣಿಯ ಜೀವಕ್ಕೆ ಕುತ್ತು ಬರುವುದು ಉಸಿರಾಟ ಮತ್ತು ರಕ್ತಸಂಚಾರ ಕೆಟ್ಟಾಗ. ಅದನ್ನು ಗುರುತಿಸಲು ಬೇಕಾದ ಹೊತ್ತನ್ನು ನಾವು ಅಡುಗೆಮನೆಯಲ್ಲಿ ಮದ್ದು ಹುಡುಕುತ್ತ ಕಳೆದುಬಿಡುತ್ತೇವೆ. ಆದ್ದರಿಂದ ಇಲ್ಲಿ ಹಚ್ಚುವ ವಸ್ತುಗಳಿಗಿಂತ ನೋಡಬೇಕಾದ ಲಕ್ಷಣಗಳಿಗೇ ಹೆಚ್ಚು ಜಾಗ ಕೊಟ್ಟಿದ್ದೇನೆ. ಪಶುವೈದ್ಯರನ್ನು ತಲುಪುವವರೆಗೆ ಮಾಡಬೇಕಾದ ಪ್ರಥಮ ಚಿಕಿತ್ಸೆ ಮಾತ್ರ ಇದರಲ್ಲಿದೆ.

ಕುಟುಕಿದ್ದು ಯಾವುದು?

ನಮ್ಮಲ್ಲಿ ಕಾಣುವ ಜೇನುಗಳಲ್ಲಿ ಹೆಜ್ಜೇನು ಅತ್ಯಂತ ಅಪಾಯಕಾರಿ. ದೊಡ್ಡ ಮರಗಳು, ನೀರಿನ ಟ್ಯಾಂಕುಗಳು, ನಗರದ ಎತ್ತರದ ಕಟ್ಟಡಗಳ ಅಂಚುಗಳಲ್ಲಿ ಒಂದೇ ದೊಡ್ಡ ಹುಟ್ಟು ಕಟ್ಟುವ ಇವು ಕೆರಳಿದರೆ ಗುಂಪಾಗಿ ಬಂದು ನೂರಾರು ಸಲ ಕುಟುಕಬಲ್ಲವು. ಪೊಟರೆ, ಪೆಟ್ಟಿಗೆಗಳಲ್ಲಿರುವ ತುಡುವೆ ಜೇನು ಮತ್ತು ಪೊದೆಗಳಲ್ಲಿ ಕಟ್ಟುವ ಕೋಲುಜೇನು ಸಾಮಾನ್ಯವಾಗಿ ಒಂದೆರಡು ಕಡೆ ಕುಟುಕುತ್ತವೆ. ಮಿಸರಿ ಅಥವಾ ಮುಜಂಟಿ ಜೇನಿಗೆ ಕುಟುಕುವ ಶಕ್ತಿಯೇ ಇಲ್ಲ. ಕಣಜದ (ಕೆಲವೆಡೆ ಕಡಜ) ಮುಳ್ಳು ಚರ್ಮದಲ್ಲಿ ಉಳಿಯುವುದಿಲ್ಲವಾದ್ದರಿಂದ ಒಂದೇ ಕಣಜ ಮತ್ತೆ ಮತ್ತೆ ಕುಟುಕಬಲ್ಲದು. ಜೇನಿನ ಮುಳ್ಳಿಗೆ ಕೊಕ್ಕೆಗಳಿರುವುದರಿಂದ ಅದು ವಿಷದ ಚೀಲದ ಸಮೇತ ಚರ್ಮದಲ್ಲೇ ಕಿತ್ತು ಉಳಿಯುತ್ತದೆ, ಮತ್ತು ಜೇನು ಹಾರಿಹೋದ ಮೇಲೂ ವಿಷವನ್ನು ಒಳಕ್ಕೆ ತಳ್ಳುತ್ತಲೇ ಇರುತ್ತದೆ. ಈ ವ್ಯತ್ಯಾಸ ಮುಂದಿನ ಹಂತಗಳಲ್ಲಿ ಮುಖ್ಯವಾಗುತ್ತದೆ.

ಮೊದಲೇ ಸಿದ್ಧವಾಗಿಟ್ಟುಕೊಳ್ಳಬೇಕಾದವು

ತುದಿ ಚೂಪಾದ ಚಿಮಟ, ಹಳೆಯ ಎಟಿಎಂ ಕಾರ್ಡು, ಸಣ್ಣ ಟಾರ್ಚು, ಔಷಧಿ ಅಂಗಡಿಯಲ್ಲಿ ಸಿಗುವ ಸಲೈನ್ ಬಾಟಲಿ, ಸೂಜಿ ತೆಗೆದ ಸಿರಿಂಜು, ದಪ್ಪ ಟವೆಲ್ಲು, ಅಗಲದ ಬ್ಯಾಂಡೇಜ್ ಬಟ್ಟೆ ಮತ್ತು ನಾಯಿಯ ಕೊರಳಿಗೆ ಹಾಕುವ ಪ್ಲಾಸ್ಟಿಕ್ ಕೋನ್ ಇಷ್ಟಿದ್ದರೆ ಸಾಕು. ಇವುಗಳ ಜೊತೆಗೆ ಒಂದು ಚೀಟಿ ಇರಲಿ. ಪ್ರಾಣಿಯ ಇತ್ತೀಚಿನ ತೂಕ ಎಷ್ಟು ಕಿಲೋ, ಈಗ ಯಾವ ಔಷಧ ತೆಗೆದುಕೊಳ್ಳುತ್ತಿದೆ, ಹಗಲಿನ ವೈದ್ಯರ ಸಂಖ್ಯೆ ಯಾವುದು, ರಾತ್ರಿ ತೆರೆದಿರುವ ಚಿಕಿತ್ಸಾಲಯ ಯಾವುದು ಎಂಬುದನ್ನು ಅದರಲ್ಲಿ ಬರೆದಿಡಿ. ಪ್ರಾಣಿಗಳ ಔಷಧದ ಪ್ರಮಾಣವೆಲ್ಲ ತೂಕದ ಲೆಕ್ಕದ್ದು. ಫೋನಿನಲ್ಲಿ ವೈದ್ಯರು ಕೇಳುವ ಮೊದಲ ಪ್ರಶ್ನೆಗಳಲ್ಲಿ ಅದೂ ಒಂದು. ಕರ್ನಾಟಕದಲ್ಲಿ ಸರ್ಕಾರದ ಪಶು ಸಂಚಾರಿ ಚಿಕಿತ್ಸಾ ವಾಹನಕ್ಕೆ 1962 ಸಂಖ್ಯೆಗೆ ಕರೆ ಮಾಡಬಹುದು. ತಾಲ್ಲೂಕು ಪಶು ಆಸ್ಪತ್ರೆ, ಹಾಗೆಯೇ ಹೆಬ್ಬಾಳ, ಬೀದರ್, ಶಿವಮೊಗ್ಗ, ಹಾಸನಗಳ ಪಶುವೈದ್ಯಕೀಯ ಕಾಲೇಜುಗಳ ಆಸ್ಪತ್ರೆಗಳಲ್ಲಿ ನಿಮಗೆ ಹತ್ತಿರವಾದುದು ಎಷ್ಟು ಹೊತ್ತಿನವರೆಗೆ ತೆರೆದಿರುತ್ತದೆ ಎಂಬುದನ್ನು ಇಂದೇ ವಿಚಾರಿಸಿಟ್ಟುಕೊಳ್ಳಿ.

ಹಂತ 1: ಆ ಜಾಗದಿಂದ ದೂರ ಸರಿಯಿರಿ

ಜೇನಿನ ಮುಳ್ಳು ಚುಚ್ಚಿದೊಡನೆ ಒಂದು ವಾಸನೆಯ ದ್ರವ್ಯ ಬಿಡುಗಡೆಯಾಗುತ್ತದೆ. ಫೆರೊಮೋನ್ ಎಂದು ಕರೆಯಲಾಗುವ ಇದು ಉಳಿದ ಜೇನುಗಳಿಗೆ ದಾಳಿಯ ಕರೆ ಇದ್ದಂತೆ. ಆದ್ದರಿಂದ ಅಲ್ಲೇ ನಿಂತು ಮುಳ್ಳು ಕೀಳಲು ಹೋಗಬೇಡಿ. ನಾಯಿಯನ್ನು ಕರೆದುಕೊಂಡು ಮುಚ್ಚಿದ ಕೋಣೆಗೋ ಕಾರಿನೊಳಕ್ಕೋ ಹೋಗಿ. ಹೆಜ್ಜೇನು ಎದ್ದಿದ್ದರೆ ಕಂಬಳಿ ಅಥವಾ ದಪ್ಪ ಬೆಡ್‌ಶೀಟಿನಿಂದ ನಿಮ್ಮ ತಲೆ, ಮುಖಗಳನ್ನು ಮುಚ್ಚಿಕೊಳ್ಳದೆ ನಾಯಿಯ ಬಳಿ ಧಾವಿಸಬಾರದು. ನಿಮಗೇ ಜೇನಿನ ಅಲರ್ಜಿ ಇದ್ದರೆ ಅಗ್ನಿಶಾಮಕ ದಳದವರನ್ನೋ (ಕರೆ ಸಂಖ್ಯೆ 112) ನೆರೆಯವರನ್ನೋ ಕರೆಯಿರಿ. ಸರಪಳಿಯಲ್ಲಿ ಕಟ್ಟಿಹಾಕಿದ ನಾಯಿ ಓಡಲಾರದು. ಹೆಜ್ಜೇನಿನ ದಾಳಿಯಲ್ಲಿ ಹೆಚ್ಚು ಪೆಟ್ಟು ತಿನ್ನುವುದು ಅಂಥ ನಾಯಿಗಳೇ. ಮರದಲ್ಲಿ ಹುಟ್ಟು ಕಂಡ ದಿನದಿಂದಲೇ ಅದರಡಿ ನಾಯಿಯನ್ನು ಕಟ್ಟುವುದನ್ನು ನಿಲ್ಲಿಸಬೇಕು.

ಹಂತ 2: ಪ್ರಾಣಿಯನ್ನು ಸುರಕ್ಷಿತವಾಗಿ ಹಿಡಿಯಿರಿ

ಎಷ್ಟೇ ಸಾಧುವಾದ ನಾಯಿಯಾದರೂ ನೋವಿನಲ್ಲಿ ಕಚ್ಚಬಹುದು. ಒಬ್ಬರು ಕೊರಳು, ಎದೆಗಳನ್ನು ಮೆತ್ತಗೆ ಆತುಕೊಂಡು ಹಿಡಿದುಕೊಳ್ಳಲಿ, ಇನ್ನೊಬ್ಬರು ಪರೀಕ್ಷಿಸಲಿ. ಬೆಕ್ಕಾದರೆ ತಲೆ ಮಾತ್ರ ಹೊರಗಿರುವಂತೆ ಟವೆಲ್ಲಿನಲ್ಲಿ ಸುತ್ತಿಕೊಳ್ಳಿ. ಬ್ಯಾಂಡೇಜ್ ಬಟ್ಟೆಯಿಂದ ನಾಯಿಯ ಬಾಯಿ ಸುತ್ತುವುದು ವಾಡಿಕೆಯಲ್ಲಿದೆ. ಆದರೆ ಮುಖ ಊದಿದ್ದರೆ, ವಾಂತಿ ಆಗುತ್ತಿದ್ದರೆ ಅಥವಾ ಏದುಸಿರು ಬಿಡುತ್ತಿದ್ದರೆ ಖಂಡಿತ ಬಾಯಿ ಕಟ್ಟಬಾರದು. ಹೀಗೆ ಹಿಡಿಯುವಾಗ ನಾಯಿಯೋ ಬೆಕ್ಕೋ ನಿಮ್ಮನ್ನು ಕಚ್ಚಿದರೆ, ಅದು ಮನೆಯದೇ ಆಗಿದ್ದರೂ, ಗಾಯವನ್ನು ಸೋಪು ಹಾಕಿ ಹರಿಯುವ ನೀರಿನಲ್ಲಿ 15 ನಿಮಿಷ ತೊಳೆದು ರೇಬೀಸ್ ಲಸಿಕೆಯ ಬಗ್ಗೆ ವೈದ್ಯರನ್ನು ಕಾಣಿ.

ಹಂತ 3: ಗಾಯಕ್ಕಿಂತ ಮೊದಲು ಉಸಿರು, ವಸಡು ನೋಡಿ

ಇಡೀ ಲೇಖನದಲ್ಲಿ ಒಂದನ್ನೇ ನೆನಪಿಡುವುದಾದರೆ ಈ ಹಂತವನ್ನು ನೆನಪಿಡಿ. ಇದಕ್ಕೆ ಅರ್ಧ ನಿಮಿಷ ಸಾಕು.

ತುಟಿಯನ್ನು ಮೇಲೆತ್ತಿ ವಸಡಿನ ಬಣ್ಣ ನೋಡಿ. ಆರೋಗ್ಯವಾಗಿರುವಾಗ ಅದು ನಸುಗೆಂಪಾಗಿದ್ದು, ಬೆರಳಿನಿಂದ ಒತ್ತಿ ಬಿಟ್ಟರೆ ಬಿಳಿಚಿಕೊಂಡ ಜಾಗ 2 ಸೆಕೆಂಡಿನೊಳಗೆ ಮತ್ತೆ ಕೆಂಪೇರುತ್ತದೆ. ವಸಡು ಬಿಳಿಯಾಗಿದ್ದರೆ, ಬೂದಿ ಅಥವಾ ನೀಲಿ ಛಾಯೆಗೆ ತಿರುಗಿದ್ದರೆ, ಬಣ್ಣ ಮರಳಲು ತಡವಾದರೆ ರಕ್ತದೊತ್ತಡ ಕುಸಿಯುತ್ತಿದೆ ಅಥವಾ ಆಮ್ಲಜನಕ ಸಾಲುತ್ತಿಲ್ಲ ಎಂದರ್ಥ. ಕೆಲವು ನಾಯಿಗಳ ವಸಡು ಹುಟ್ಟಿನಿಂದಲೇ ಕಪ್ಪಾಗಿರುತ್ತದೆ. ಅಂಥವುಗಳಲ್ಲಿ ಕಣ್ಣಿನ ಕೆಳರೆಪ್ಪೆಯನ್ನು ಎಳೆದು ಒಳಭಾಗದ ಬಣ್ಣ ನೋಡಬೇಕು. ನಿಮ್ಮ ನಾಯಿ, ಬೆಕ್ಕುಗಳ ವಸಡಿನ ಸಹಜ ಬಣ್ಣ ಯಾವುದೆಂದು ಅವು ಆರೋಗ್ಯವಾಗಿರುವಾಗಲೇ ಒಮ್ಮೆ ನೋಡಿಟ್ಟುಕೊಂಡರೆ ಒಳ್ಳೆಯದು.

ಬಳಿಕ ಎದೆಯ ಏರಿಳಿತ ಎಣಿಸಿ. ವಿಶ್ರಾಂತಿಯಲ್ಲಿರುವ ನಾಯಿ, ಬೆಕ್ಕುಗಳು ನಿಮಿಷಕ್ಕೆ ಸಾಮಾನ್ಯವಾಗಿ 30ಕ್ಕಿಂತ ಹೆಚ್ಚು ಸಲ ಉಸಿರಾಡುವುದಿಲ್ಲ. ಓಡಿ ಬಂದ ನಾಯಿ ತೇಕುವುದು ಸಹಜ, ಆದರೆ ಬೆಕ್ಕು ಬಾಯಿ ತೆರೆದು ಉಸಿರಾಡುವುದನ್ನು ತುರ್ತುಸ್ಥಿತಿ ಎಂದೇ ತಿಳಿಯಬೇಕು.

ಇಲ್ಲಿ ಹುಡುಕುತ್ತಿರುವುದು ಅನಫೈಲ್ಯಾಕ್ಸಿಸ್‌ನ ಲಕ್ಷಣಗಳನ್ನು. ಅನಫೈಲ್ಯಾಕ್ಸಿಸ್ ಎಂದರೆ ಅಲರ್ಜಿಯು ಒಂದು ಜಾಗಕ್ಕೆ ಸೀಮಿತವಾಗದೆ ಇಡೀ ದೇಹವನ್ನು ಒಮ್ಮೆಲೇ ಆವರಿಸಿ ರಕ್ತದೊತ್ತಡವನ್ನು ಕುಸಿಯುವಂತೆ ಮಾಡುವ ಸ್ಥಿತಿ. ಒಂದೇ ಒಂದು ಜೇನು ಕುಟುಕಿದರೂ ಇದು ಉಂಟಾಗಬಹುದು. ಬಹಳಷ್ಟು ಸಲ ಕೆಲವೇ ನಿಮಿಷಗಳಲ್ಲಿ, ಅರ್ಧ ಗಂಟೆಯೊಳಗೆ ಕಾಣಿಸಿಕೊಳ್ಳುತ್ತದೆ. ಮನುಷ್ಯರಲ್ಲಿ ಕಂಡದ್ದನ್ನೇ ನಾಯಿಯಲ್ಲೂ ನಿರೀಕ್ಷಿಸುವುದರಿಂದ ಅನೇಕರು ಇದನ್ನು ಗುರುತಿಸದೆ ಹೋಗುತ್ತಾರೆ. ನಾಯಿಗಳಲ್ಲಿ ಇದರ ಹೊಡೆತ ಹೆಚ್ಚಾಗಿ ಯಕೃತ್ತು ಮತ್ತು ಕರುಳಿನ ಮೇಲೆ ಬೀಳುತ್ತದೆ. ಹಾಗಾಗಿ ಮುಖ ಊದದೆಯೇ ಹಠಾತ್ ವಾಂತಿ, ಭೇದಿ (ಕೆಲವೊಮ್ಮೆ ರಕ್ತಮಿಶ್ರಿತ), ನಿಲ್ಲಲಾಗದಷ್ಟು ಸುಸ್ತು, ಕುಸಿದು ಬೀಳುವುದು ಕಾಣಬಹುದು. ಬೆಕ್ಕುಗಳಲ್ಲಿ ಶ್ವಾಸಕೋಶಕ್ಕೆ ಮೊದಲು ತೊಂದರೆಯಾಗುತ್ತದೆ. ಮುಖ ಕೆರೆದುಕೊಳ್ಳುವುದು, ಜೊಲ್ಲು ಸುರಿಸುವುದು, ಉಸಿರಿಗಾಗಿ ಒದ್ದಾಡುವುದು ಅಲ್ಲಿನ ಲಕ್ಷಣಗಳು. ನಾಯಿ ವಾಂತಿ ಮಾಡಿಕೊಂಡಾಗ ಹುಳುವನ್ನು ನುಂಗಿದ್ದಕ್ಕೆ ಹೀಗಾಯಿತು ಎಂದು ಸುಮ್ಮನಾಗುವುದು ನಾನು ಮತ್ತೆ ಮತ್ತೆ ಕೇಳುವ ತಪ್ಪು ತೀರ್ಮಾನ. ಕುಟುಕಿದ ಒಂದು ಗಂಟೆಯೊಳಗೆ ವಾಂತಿ, ಭೇದಿ ಅಥವಾ ಅತಿಯಾದ ನಿಶ್ಶಕ್ತಿ ಕಂಡರೆ ಮುಂದಿನ ಯಾವ ಹಂತವನ್ನೂ ಓದುತ್ತ ಕೂರದೆ ಆಸ್ಪತ್ರೆಗೆ ಹೊರಡಿ, ದಾರಿಯಲ್ಲೇ ವೈದ್ಯರಿಗೆ ಕರೆ ಮಾಡಿ.

ಹಂತ 4: ಮುಳ್ಳು ತೆಗೆಯಿರಿ, ತೊಳೆಯಿರಿ, ತಂಪು ಇಡಿ

ಉಸಿರು, ವಸಡು ಸರಿಯಿದ್ದರೆ ಈಗ ಗಾಯದ ಕಡೆ ನೋಡಿ. ಮೂತಿ, ಅಂಗಾಲು, ಕಿವಿ, ಬಾಯಿಯೊಳಗೆ ಟಾರ್ಚು ಹಿಡಿದು ಹುಡುಕಿ. ಕಪ್ಪು ಚುಕ್ಕೆಯಂತೆ ಮುಳ್ಳು ಕಂಡರೆ ಕಾರ್ಡಿನ ಅಂಚಿನಿಂದ ಕೆರೆದು ಹಾಕಿ; ಕಾರ್ಡು ಕೈಯಲ್ಲಿಲ್ಲದಿದ್ದರೆ ಉಗುರಿನಿಂದಲೇ ತೆಗೆಯಿರಿ. ಚಿಮಟ ಬಳಸಿದರೆ ವಿಷದ ಚೀಲ ಹಿಂಡಿದಂತಾಗುತ್ತದೆ ಎಂಬ ಭಯದಿಂದ ಕಾರ್ಡು ಹುಡುಕುತ್ತ ಮನೆಯೆಲ್ಲ ತಿರುಗುವುದಕ್ಕಿಂತ ಕೈಗೆ ಸಿಕ್ಕಿದ್ದರಿಂದ ಬೇಗ ತೆಗೆಯುವುದೇ ಮೇಲು, ಏಕೆಂದರೆ ಹೆಚ್ಚಿನ ವಿಷ ಮೊದಲ ಒಂದು ನಿಮಿಷದೊಳಗೇ ಒಳಹೋಗುತ್ತದೆ. ಮುಳ್ಳು ಸಿಗದಿದ್ದರೆ ಕುಟುಕಿದ್ದು ಕಣಜವೋ ಇರುವೆಯೋ ಇರಬಹುದು. ಬಹಳ ಹೊತ್ತು ಕೆದಕಬೇಡಿ.

ಜಾಗವನ್ನು ಸೋಪು, ನೀರಿನಿಂದ ತೊಳೆದು ಒರೆಸಿ. ಮಂಜುಗಡ್ಡೆಯನ್ನು ಬಟ್ಟೆಯಲ್ಲಿ ಸುತ್ತಿ 5 ರಿಂದ 10 ನಿಮಿಷ ಇಡಿ, ಸ್ವಲ್ಪ ಬಿಡುವು ಕೊಟ್ಟು ಮತ್ತೆ ಇಡಿ. ಮಂಜುಗಡ್ಡೆಯನ್ನು ನೇರವಾಗಿ ಚರ್ಮಕ್ಕೆ ತಾಗಿಸಿದರೆ ಚರ್ಮ ಸುಟ್ಟಂತಾಗುತ್ತದೆ. ಕೊರಳಪಟ್ಟಿ ಸಡಿಲಿಸಿ, ಏಕೆಂದರೆ ಊತ ಕೊರಳಿಗೂ ಹರಡಿದರೆ ಅದೇ ಉರುಳಾಗಬಹುದು. ನಾಯಿ ಜಾಗವನ್ನು ನೆಕ್ಕುತ್ತಿದ್ದರೆ ಕೋನ್ ಹಾಕಿ.

ಕಣ್ಣಿನ ರೆಪ್ಪೆಗೆ ಕುಟುಕಿದ್ದರೆ ಸಲೈನಿನಿಂದ ಕಣ್ಣನ್ನು ನಿಧಾನವಾಗಿ ತೊಳೆಯಿರಿ. ಮುಳ್ಳು ಕಣ್ಣುಗುಡ್ಡೆಯಲ್ಲಿದ್ದರೆ ನೀವು ಮುಟ್ಟಲೇಬಾರದು. ಬಾಯಿಯೊಳಗೆ ಅಥವಾ ಗಂಟಲಲ್ಲಿ ಕುಟುಕಿದ್ದರೆ ಲಕ್ಷಣಗಳಿಗಾಗಿ ಕಾಯದೆ ವೈದ್ಯರ ಬಳಿ ಹೋಗಿ. ಪಗ್, ಶಿಟ್ಜೂಗಳಂತಹ ಮೋಟುಮೂಗಿನ ನಾಯಿಗಳ ಶ್ವಾಸದ ದಾರಿ ಮೊದಲೇ ಇಕ್ಕಟ್ಟು. ಅವುಗಳಿಗೆ ಸ್ವಲ್ಪವೇ ಊತವೂ ಪ್ರಾಣಾಂತಕವಾಗಬಹುದು.

ಹಂತ 5: ಹಚ್ಚಬಾರದವು, ಕೊಡಬಾರದವು

ನಾಯಿ, ಬೆಕ್ಕುಗಳಿಗೆ ಏನು ಹಚ್ಚಿದರೂ ಅದು ಹೊಟ್ಟೆಗೆ ಹೋಗುತ್ತದೆ. ನಮ್ಮ ಮನೆಮದ್ದುಗಳನ್ನು ಪ್ರಾಣಿಗಳ ಮೇಲೆ ಪ್ರಯೋಗಿಸುವ ಮೊದಲು ಇದೊಂದನ್ನು ನೆನೆಸಿಕೊಂಡರೆ ಅರ್ಧ ಅನಾಹುತ ತಪ್ಪುತ್ತದೆ. ಜೇನು, ಚೇಳುಗಳಿಗೆ ಸುಣ್ಣ ಬಳಿಯುವ ಪದ್ಧತಿ ನಮ್ಮಲ್ಲಿ ಇನ್ನೂ ಇದೆ. ನೆಕ್ಕಿದರೆ ಸುಣ್ಣವು ನಾಲಿಗೆಯನ್ನೂ ಅನ್ನನಾಳವನ್ನೂ ಸುಡುತ್ತದೆ, ಕಣ್ಣಿಗೆ ಹೋದರೆ ದೃಷ್ಟಿಯನ್ನೇ ಕೆಡಿಸಬಲ್ಲದು. ಈರುಳ್ಳಿ ಉಜ್ಜುವುದೂ ಬೇಡ, ಏಕೆಂದರೆ ಈರುಳ್ಳಿ, ಬೆಳ್ಳುಳ್ಳಿಗಳು ನಾಯಿ, ಬೆಕ್ಕುಗಳ ಕೆಂಪು ರಕ್ತಕಣಗಳನ್ನು ಒಡೆಯುವ ಗುಣವುಳ್ಳವು. ಕರ್ಪೂರ, ನೀಲಗಿರಿ ಎಣ್ಣೆ, ತಲೆನೋವಿನ ಮುಲಾಮು, ಸೀಮೆಎಣ್ಣೆ ಇವೆಲ್ಲವೂ ವಿಷವೇ, ಬೆಕ್ಕುಗಳಿಗಂತೂ ಇನ್ನೂ ಹೆಚ್ಚು. ನೋವಿನ ಡೈಕ್ಲೋಫೆನಾಕ್ ಜೆಲ್ ನೆಕ್ಕಿದ ನಾಯಿಗೆ ಹೊಟ್ಟೆಯ ಹುಣ್ಣು, ಮೂತ್ರಪಿಂಡದ ಹಾನಿ ಉಂಟಾಗಬಹುದು. ಚಿಟಿಕೆ ಅರಿಶಿನದಿಂದ ಹಾನಿ ಕಡಿಮೆ, ಆದರೆ ಚರ್ಮದ ಬಣ್ಣ ಮರೆಯಾಗಿ ವೈದ್ಯರಿಗೆ ಊತ, ರಕ್ತಕಲೆಗಳು ಕಾಣದಂತಾಗುತ್ತವೆ.

ಮಾತ್ರೆಗಳ ವಿಷಯ ಇದಕ್ಕಿಂತ ಗಂಭೀರ. ಪ್ಯಾರಾಸಿಟಮಾಲ್ ಅನ್ನು ಬೆಕ್ಕಿನ ಯಕೃತ್ತು ನಿರ್ವಿಷಗೊಳಿಸಲಾರದು. 500 ಮಿಲಿಗ್ರಾಂ ಮಾತ್ರೆಯ ಅರ್ಧ ಭಾಗವೂ ಬೆಕ್ಕನ್ನು ಕೊಲ್ಲಬಲ್ಲದು. ಈ ವಿಷಪ್ರಾಶನದ ಒಂದು ಲಕ್ಷಣ ಮುಖದ ಊತ. ಊತ ಜಾಸ್ತಿಯಾಯಿತೆಂದು ಮತ್ತೊಂದು ತುಂಡು ಕೊಡುವವರೂ ಇದ್ದಾರೆ. ಐಬುಪ್ರೊಫೆನ್, ಆಸ್ಪಿರಿನ್ ಕೂಡ ಬೇಡ. ಆ್ಯಂಟಿಹಿಸ್ಟಮಿನ್ (ಅಲರ್ಜಿಯ ತುರಿಕೆ, ಊತ ತಗ್ಗಿಸುವ ಔಷಧ) ವರ್ಗದ ಸೆಟಿರಿಜಿನ್‌ನಂತಹ ಮಾತ್ರೆಗಳನ್ನು ಪಶುವೈದ್ಯರು ಸಲಹೆ ಮಾಡುವುದುಂಟು, ಆದರೆ ನಮ್ಮ ಅಂಗಡಿಗಳಲ್ಲಿ ಸಿಗುವ ಶೀತದ ಮಾತ್ರೆಗಳಲ್ಲಿ ಬಹಳಷ್ಟು ಸೆಟಿರಿಜಿನ್ ಜೊತೆಗೆ ಪ್ಯಾರಾಸಿಟಮಾಲ್, ಫಿನೈಲೆಫ್ರಿನ್ ಸೇರಿಸಿ ಮಾಡಿದವು. ಆದ್ದರಿಂದ ಮಾತ್ರೆಯ ಪಟ್ಟಿಯನ್ನು ಹಿಡಿದುಕೊಂಡೇ ವೈದ್ಯರಿಗೆ ಕರೆ ಮಾಡಿ, ಅದರ ಮೇಲಿರುವ ಪ್ರತಿಯೊಂದು ಹೆಸರನ್ನೂ ಓದಿ ಹೇಳಿ, ತೂಕಕ್ಕೆ ತಕ್ಕ ಪ್ರಮಾಣ ಕೇಳಿ, ಆಮೇಲೆ ಕೊಡಿ. ಮಕ್ಕಳ ಸಿರಪ್ಪು ಬೇಡವೇ ಬೇಡ: ಸಕ್ಕರೆ ಬದಲಿಗೆ ಬಳಸುವ ಕ್ಸೈಲಿಟಾಲ್ ಅದರಲ್ಲಿದ್ದರೆ ನಾಯಿಯ ರಕ್ತದ ಸಕ್ಕರೆ ಕುಸಿಯುತ್ತದೆ. ಇನ್ನೂ ಒಂದು ಮಾತು, ಅನಫೈಲ್ಯಾಕ್ಸಿಸ್ ಶುರುವಾಗಿದ್ದರೆ ಅಲರ್ಜಿ ಮಾತ್ರೆ ಅದನ್ನು ನಿಲ್ಲಿಸುವುದಿಲ್ಲ. ಅದಕ್ಕೆ ಅಡ್ರಿನಲಿನ್ ಚುಚ್ಚುಮದ್ದು, ರಕ್ತನಾಳಕ್ಕೆ ದ್ರವ, ಆಮ್ಲಜನಕ ಬೇಕು. ಮಾತ್ರೆ ನುಂಗಿಸಿ ಕಾದು ನೋಡಿದ ಅರ್ಧ ಗಂಟೆ ಕೈತಪ್ಪಿಹೋದ ಅರ್ಧ ಗಂಟೆಯೇ.

ಹಂತ 6: ಕಾವಲು

ಮೊದಲ ಒಂದು ಗಂಟೆ ಪ್ರಾಣಿಯನ್ನು ಬಿಟ್ಟು ಹೋಗಬೇಡಿ. 10 ನಿಮಿಷಕ್ಕೊಮ್ಮೆ ಮೂರನೆಯ ಹಂತದ ಪರೀಕ್ಷೆ ಮಾಡಿ. ಊದಿದ ಮುಖದ ಫೋಟೋ ತೆಗೆದಿಟ್ಟುಕೊಂಡರೆ ಊತ ಏರುತ್ತಿದೆಯೋ ಇಳಿಯುತ್ತಿದೆಯೋ ಹೋಲಿಸಬಹುದು. ಮೈಮೇಲೆ ಪಿತ್ತಗಂಧೆಯಂತಹ ದದ್ದು ಎದ್ದು ಕೂದಲು ಅಲ್ಲಲ್ಲಿ ನಿಮಿರಿ ನಿಂತರೆ, ಉಸಿರು ಸರಾಗವಾಗಿದ್ದರೂ, ಅದೇ ದಿನ ವೈದ್ಯರಿಗೆ ತೋರಿಸಿ. ಶಾಂತವಾದಂತೆ ಕಂಡ ಅಲರ್ಜಿ ಕೆಲವು ಗಂಟೆಗಳ ನಂತರ ಮರುಕಳಿಸುವುದುಂಟಾದ್ದರಿಂದ ಒಂದು ಹಗಲು, ಒಂದು ರಾತ್ರಿ ಪ್ರಾಣಿಯ ಮೇಲೆ ಕಣ್ಣಿರಲಿ.

ಹಂತ 7: ಸಾಗಿಸುವುದು

ಪ್ರಾಣಿ ಕುಸಿದಿದ್ದರೆ ಪಕ್ಕಕ್ಕೆ ಮಲಗಿಸಿ, ಕತ್ತು ನೀಳವಾಗಿ ಚಾಚಿರಲಿ, ನಾಲಿಗೆ ಮುಂದಕ್ಕಿರಲಿ. ಪ್ರಜ್ಞೆ ಮಸುಕಾಗಿರುವಾಗ ಬಾಯಿಗೆ ನೀರು, ಹಾಲು, ಗ್ಲೂಕೋಸ್ ಹಾಕಿದರೆ ಶ್ವಾಸಕೋಶಕ್ಕೆ ಇಳಿಯುತ್ತದೆ. ನಡೆಸಿಕೊಂಡು ಹೋಗದೆ ಎತ್ತಿಕೊಂಡು ಹೋಗಿ. ಸತ್ತ ಜೇನು ಅಥವಾ ಹುಳು ಸಿಕ್ಕಿದ್ದರೆ ಡಬ್ಬಿಯಲ್ಲಿ ಹಾಕಿಕೊಳ್ಳಿ, ಇಲ್ಲವೇ ಫೋಟೋ ಸಾಕು.

ಹೆಜ್ಜೇನಿನ ಗುಂಪುದಾಳಿ ಆಗಿದ್ದರೆ

ಹತ್ತಕ್ಕಿಂತ ಹೆಚ್ಚು ಕಡೆ ಕುಟುಕಿದ್ದರೆ ಅಲರ್ಜಿ ಇರಲಿ ಇಲ್ಲದಿರಲಿ ಆಸ್ಪತ್ರೆಯೇ ಗತಿ. ಇಲ್ಲಿ ಕೆಡುಕು ಮಾಡುವುದು ವಿಷದ ಪ್ರಮಾಣವೇ. ಅದು ಕೆಂಪು ರಕ್ತಕಣಗಳನ್ನೂ ಸ್ನಾಯುಗಳನ್ನೂ ಒಡೆಯುತ್ತದೆ, ಒಡೆದ ಅಂಶಗಳು ಮೂತ್ರಪಿಂಡಕ್ಕೆ ಹಾನಿ ಮಾಡುತ್ತವೆ. ದಾಳಿಯ ದಿನ ಬಾಲ ಆಡಿಸುತ್ತ ಓಡಾಡಿದ ನಾಯಿಗೂ ಮರುದಿನ ಮೂತ್ರ ಚಹಾ ಡಿಕಾಕ್ಷನ್ನಿನ ಬಣ್ಣಕ್ಕೆ ತಿರುಗಬಹುದು. ಹೀಗಾಗಿ ಮುಂದಿನ 2–3 ದಿನ ರಕ್ತ, ಮೂತ್ರ ಪರೀಕ್ಷೆ ಮಾಡಿಸಬೇಕೆಂದು ವೈದ್ಯರು ಹೇಳಿದರೆ ಖರ್ಚಿಗೆ ಹಿಂಜರಿದು ಬಿಡಬೇಡಿ. ಕೂದಲಿನೊಳಗೆ ಸಿಕ್ಕಿಕೊಂಡ ಜೇನು, ಮುಳ್ಳುಗಳನ್ನು ಬಾಚಣಿಗೆಯಿಂದ ದಾರಿಯಲ್ಲೇ ತೆಗೆಯುತ್ತ ಹೋಗಿ.

ಚೇಳು

ನಮ್ಮ ದೊಡ್ಡ ಕಪ್ಪು ಚೇಳು ನೋವು ಕೊಡುತ್ತದೆ. ಅದಕ್ಕಿಂತ ಚಿಕ್ಕದಾದ ಕೆಂಪು ಚೇಳಿನ ವಿಷ ಹೃದಯದ ಮೇಲೇ ಪರಿಣಾಮ ಬೀರುತ್ತದೆ. ಅತಿಯಾದ ಜೊಲ್ಲು, ವಾಂತಿ, ಸ್ನಾಯುಗಳ ಅದುರುವಿಕೆ, ವಿಪರೀತ ಹೃದಯಬಡಿತ, ಕೊನೆಗೆ ಶ್ವಾಸಕೋಶದಲ್ಲಿ ನೀರು ತುಂಬುವುದು ಇದರ ಕ್ರಮ. ಮನುಷ್ಯರ ಚಿಕಿತ್ಸೆಯಲ್ಲಿ ಪ್ರಾಜೋಸಿನ್ ಔಷಧದಿಂದ ಸಾವುಗಳನ್ನು ತಗ್ಗಿಸಬಹುದೆಂದು ತೋರಿಸಿಕೊಟ್ಟವರು ಮಹಾರಾಷ್ಟ್ರದ ಮಹಾಡ್‌ನ ವೈದ್ಯ ಹಿಮ್ಮತರಾವ್ ಬಾವಸ್ಕರ್. ಆದರೆ ರಕ್ತದೊತ್ತಡ ಇಳಿಸುವ ಆ ಔಷಧವನ್ನು ಮನೆಯಲ್ಲಿ ಪ್ರಾಣಿಗೆ ಕೊಡುವಂತಿಲ್ಲ. ಕಾಲಿಗೆ ಬಿಗಿಯಾಗಿ ಕಟ್ಟುವುದು, ಕೊಯ್ಯುವುದು, ಹೀರುವುದು ಮೂರೂ ನಿಷಿದ್ಧ. ತಂಪು ಬಟ್ಟೆ ಇಟ್ಟು ಕರೆದೊಯ್ಯಿರಿ.

ಹಾವಿನ ಸಂಶಯ

ಮುಖ ಊದಿದ ನಾಯಿಗಳೆಲ್ಲ ಜೇನಿನಿಂದ ಕುಟುಕಿಸಿಕೊಂಡವಲ್ಲ. ತೋಟ, ಗದ್ದೆ, ಬೇಲಿಯಂಚಿನಲ್ಲಿ ಮೂಸುತ್ತ ಹೋದ ನಾಯಿಗೆ ಕೊಳಕುಮಂಡಲ ಮೂತಿಗೇ ಕಚ್ಚುವುದು ಸಾಮಾನ್ಯ. ಗಾಯದಿಂದ ರಕ್ತ ಒಸರುತ್ತಲೇ ಇದ್ದರೆ, ಚರ್ಮ ಕಪ್ಪುನೀಲಿಯಾದರೆ, ಊತ ಗಂಟೆಗಂಟೆಗೂ ಹರಡಿದರೆ, ರೆಪ್ಪೆಗಳು ಜೋತುಬಿದ್ದರೆ ಅಥವಾ ಹಿಂಗಾಲು ಸೋತರೆ ಹಾವೆಂದೇ ಭಾವಿಸಿ. ಹಾವಿನ ವಿಷಕ್ಕೆ ಪ್ರತಿವಿಷದ ಚುಚ್ಚುಮದ್ದೊಂದೇ ಮದ್ದು. ಅದು ಎಲ್ಲ ಪಶು ಚಿಕಿತ್ಸಾಲಯಗಳಲ್ಲೂ ಇರುವುದಿಲ್ಲವಾದ್ದರಿಂದ ಹೊರಡುವ ಮೊದಲು ಫೋನಿನಲ್ಲಿ ಕೇಳಿಕೊಳ್ಳಿ.

ಇರುವೆ, ಕಂಬಳಿಹುಳ

ಕಣ್ಣು ತೆರೆಯದ ಮರಿಗಳಿಗೆ ಇರುವೆಗಳು ಮುತ್ತಿದರೆ ಅವು ಓಡಲಾರವು. ಇರುವೆಗಳನ್ನು ಕೈಯಿಂದ ಬಿಡಿಸಿ, ಒದ್ದೆ ಬಟ್ಟೆಯಿಂದ ಒರೆಸಿ, ತಕ್ಷಣ ಒಣಗಿಸಿ ಬೆಚ್ಚಗಿಡಿ. ಸಣ್ಣ ಮರಿಗೆ ಚಳಿಯೂ ಅಷ್ಟೇ ಅಪಾಯಕಾರಿ. ಕಂಬಳಿಹುಳವನ್ನು ಬಾಯಿಗೆ ಹಾಕಿಕೊಂಡ ನಾಯಿಯ ಬಾಯಿಯನ್ನು ಸಿರಿಂಜಿನ ನೀರಿನಿಂದ, ತಲೆ ಕೆಳಮುಖವಾಗಿರುವಂತೆ ಹಿಡಿದು ತೊಳೆಯಿರಿ. ಚರ್ಮಕ್ಕೆ ಅಂಟಿದ ರೋಮಗಳನ್ನು ಉಜ್ಜದೆ ಅಂಟುಟೇಪಿನಿಂದ ಕೀಳಿ.

ಉಣ್ಣೆ

ಉಣ್ಣೆ (ಉಣುಗು) ಕೀಟವಲ್ಲ, ಜೇಡದ ಬಳಗದ್ದು. ಆದರೂ ಪ್ರಶ್ನೆಗಳಲ್ಲಿ ಅರ್ಧದಷ್ಟು ಇದರದೇ. ಚಿಮಟವನ್ನು ಚರ್ಮಕ್ಕೆ ಆದಷ್ಟು ಸಮೀಪ ಹಿಡಿದು, ತಿರುಚದೆ, ಒಂದೇ ಬಲದಿಂದ ನೇರವಾಗಿ ಮೇಲಕ್ಕೆ ಎಳೆಯಿರಿ. ಬೆಂಕಿಕಡ್ಡಿ ತಾಗಿಸುವುದು, ಸೀಮೆಎಣ್ಣೆ ಸುರಿಯುವುದು ಬೇಡ. ಬರಿಗೈಯಲ್ಲಿ ಹೊಸಕಲೂಬಾರದು. 1957ರಲ್ಲಿ ಶಿವಮೊಗ್ಗ ಜಿಲ್ಲೆಯ ಕ್ಯಾಸನೂರು ಕಾಡಿನಲ್ಲಿ ಗುರುತಿಸಲಾದ ಮಂಗನ ಕಾಯಿಲೆ ಮನುಷ್ಯರಿಗೆ ಹರಡುವುದು ಕಾಡಿನ ಉಣ್ಣೆಗಳಿಂದಲೇ. ಆದ್ದರಿಂದ ಮಲೆನಾಡಿನಲ್ಲಿ ಕಾಡಿಗೆ ಹೋಗಿ ಬಂದ ನಾಯಿಯ ಮೈ ನೋಡುವಾಗ ಕೈಗವಸು ಹಾಕಿಕೊಂಡು, ತೆಗೆದ ಉಣ್ಣೆಯನ್ನು ಸ್ಪಿರಿಟ್ಟಿನಲ್ಲಿ ಹಾಕಿ. ಉಣ್ಣೆ ಕಚ್ಚಿದ 1 ರಿಂದ 3 ವಾರಗಳಲ್ಲಿ ನಾಯಿಗೆ ಜ್ವರ, ಊಟ ಸೇರದಿರುವುದು, ವಸಡು ಬಿಳಿಚುವುದು, ಮೂಗಿನಲ್ಲಿ ರಕ್ತ ಕಂಡರೆ ಎರ್ಲಿಕಿಯಾ ಅಥವಾ ಬಬೇಸಿಯಾ ಸೋಂಕಿನ ಉಣ್ಣೆಜ್ವರ ಇರಬಹುದು, ರಕ್ತಪರೀಕ್ಷೆ ಮಾಡಿಸಿ.

ನಾಯಿಗೆಂದು ತಂದ ಉಣ್ಣೆನಾಶಕ ದ್ರವವನ್ನು ಬೆಕ್ಕಿಗೆ ಹಾಕಬೇಡಿ. ಅವುಗಳಲ್ಲಿ ಹಲವುದರಲ್ಲಿರುವ ಪರ್ಮೆಥ್ರಿನ್ ಬೆಕ್ಕಿಗೆ ನಡುಕ, ಸೆಳವು ತಂದು ಕೊಲ್ಲುತ್ತದೆ. ಎರಡೂ ಒಂದೇ ಮನೆಯಲ್ಲಿದ್ದರೆ ದ್ರವ ಪೂರ್ತಿ ಒಣಗುವವರೆಗೆ ನಾಯಿಯನ್ನು ಬೆಕ್ಕಿನಿಂದ ಬೇರೆಯಿಡಿ.

ಒಮ್ಮೆ ತೀವ್ರ ಅಲರ್ಜಿಯಾದ ಪ್ರಾಣಿಗೆ ಮುಂದಿನ ಕುಟುಕು ಇನ್ನೂ ಜೋರಾಗಿರಬಹುದು. ಆಸ್ಪತ್ರೆಯಿಂದ ಮನೆಗೆ ಕರೆತರುವ ದಿನವೇ, ತುರ್ತಿಗೆ ಅಡ್ರಿನಲಿನ್ ಮನೆಯಲ್ಲಿಡಬೇಕೇ, ಎಷ್ಟು, ಎಲ್ಲಿ ಚುಚ್ಚಬೇಕು ಎಂಬುದನ್ನು ವೈದ್ಯರಿಂದ ಕೇಳಿ, ಅವರ ಮುಂದೆಯೇ ಒಮ್ಮೆ ಅಭ್ಯಾಸ ಮಾಡಿ, ತೂಕ ಬರೆದ ಅದೇ ಚೀಟಿಯಲ್ಲಿ ಬರೆಸಿಕೊಂಡು ಬನ್ನಿ.